ಪ್ರೊಡಕ್ಷನ್ ಡಿಸೈನರ್: ಅಂದುಕೊಂಡದ್ದೊಂದು, ಇರುವುದೊಂದು

ಬೆಳ್ಳಂದೂರಿನ ಟೆಕ್ ಪಾರ್ಕುಗಳಲ್ಲಿ ತ್ರೀಡಿ ಮಾಡೆಲಿಂಗ್ ಮಾಡುವವರಿಗೂ ಒಳಾಂಗಣ ವಿನ್ಯಾಸಕರಿಗೂ ಸಿನಿಮಾದ ಆಸೆ ಹುಟ್ಟುವುದು ಸಹಜ. ಹೊರಡುವ ಮುಂಚೆ ಕೆಲವು ತಪ್ಪು ತಿಳಿವಳಿಕೆ ಕಳಚಿಡುವುದು ಒಳ್ಳೆಯದು.

ತಪ್ಪು ಕಲ್ಪನೆ: ಸೆಟ್ ಹಾಕಿಸಿ ಚೆಂದ ಮಾಡುವುದಷ್ಟೇ ಕೆಲಸ.
ವಾಸ್ತವ: ಕೆಲಸ ಶುರುವಾಗುವುದು ಚಿತ್ರಕಥೆಯ ಓದಿನಿಂದ. ಉದಾಹರಣೆಗೆ, ಬೆಳ್ಳಂದೂರು ಗ್ರಾಮ ಪಂಚಾಯಿತಿ 1998ರಲ್ಲೇ ಕಂಪ್ಯೂಟರ್ ತಂದು ಹೆಸರು ಮಾಡಿತ್ತು. ಆ ಕಾಲದ ಅಂಥದೊಂದು ಕಚೇರಿಯನ್ನು ತೆರೆಗೆ ತರಬೇಕೆನ್ನಿ. ಮೇಜಿನ ಮೇಲೆ ಡಬ್ಬದಂಥ ಮಾನಿಟರ್, ಅದಕ್ಕೆ ಬಟ್ಟೆಯ ಹೊದಿಕೆ, ಬೀರುವಿನಲ್ಲಿ ಇನ್ನೂ ದಾರ ಬಿಗಿದ ಕಡತಗಳು ಬೇಕು. ಕಿಟಕಿಯಾಚೆ ಗಾಜಿನ ಕಟ್ಟಡ ಇಣುಕಿದರೆ ಎಲ್ಲ ಕೆಟ್ಟಿತು. ಏನು ಕಾಣಬೇಕು ಎಂಬಷ್ಟೇ ಏನು ಕಾಣಬಾರದು ಎಂಬುದನ್ನೂ ಡಿಸೈನರೇ ತೀರ್ಮಾನಿಸಬೇಕು.

ತಪ್ಪು ಕಲ್ಪನೆ: ಇದು ಈಚೆಗೆ ಹುಟ್ಟಿದ ಹುದ್ದೆ.
ವಾಸ್ತವ: 1939ರ ‘ಗಾನ್ ವಿತ್ ದ ವಿಂಡ್’ಗೇ ವಿಲಿಯಂ ಕ್ಯಾಮರಾನ್ ಮೆಂಜಿಸ್ ಪ್ರೊಡಕ್ಷನ್ ಡಿಸೈನರ್ ಆಗಿದ್ದರು. ದೊಡ್ಡ ಚಿತ್ರಗಳಲ್ಲಿ ಡಿಸೈನರ್ ಇಡೀ ಚಿತ್ರದ ನೋಟ ನಿರ್ಧರಿಸುತ್ತಾರೆ, ಕಲಾ ನಿರ್ದೇಶಕರು ಕಟ್ಟಿಸುತ್ತಾರೆ. ಬಜೆಟ್ ಚಿಕ್ಕದಾದರೆ ಎರಡೂ ಒಬ್ಬರ ಹೆಗಲಿಗೆ.

ತಪ್ಪು ಕಲ್ಪನೆ: ನಿಜವಾದ ಊರಿನಲ್ಲಿ ಚಿತ್ರೀಕರಿಸಿದರೆ ಇವರು ಬೇಕಿಲ್ಲ.
ವಾಸ್ತವ: ಶಂಕರ್‌ನಾಗ್ ‘ಮಾಲ್ಗುಡಿ ಡೇಸ್’ಗೆಂದು ಆಗುಂಬೆಗೆ ಹೋದಾಗ ಅಲ್ಲಿ ಊರಿತ್ತು, ಮಾಲ್ಗುಡಿ ಇರಲಿಲ್ಲ. ಇದ್ದ ಊರಿನೊಳಗೇ ಅದನ್ನು ಮೂಡಿಸಿದವರು ಕಲಾ ನಿರ್ದೇಶಕ ಜಾನ್ ದೇವರಾಜ್.

ತಪ್ಪು ಕಲ್ಪನೆ: ಸಿನಿಮಾ ಪದವಿ ಇಲ್ಲದಿದ್ದರೆ ಬಾಗಿಲು ಮುಚ್ಚಿದಂತೆ.
ವಾಸ್ತವ: ಜಾನ್ ದೇವರಾಜ್ ಶಿಲ್ಪಿ. ‘ಸಂಸ್ಕಾರ’ದ (1970) ಕಲಾ ನಿರ್ದೇಶಕ ಎಸ್.ಜಿ. ವಾಸುದೇವ್ ವರ್ಣಚಿತ್ರ ಕಲಾವಿದರು. ಪುಣೆಯ ಎಫ್‌ಟಿಐಐನಲ್ಲಿ ಇದಕ್ಕೆಂದೇ ಕೋರ್ಸ್ ಇದೆ, ಹಿರಿಯರ ಬಳಿ ಸಹಾಯಕರಾಗಿ ಕಲಿಯುವ ದಾರಿಯೂ ಇದೆ. ಬಡಗಿ, ಪೇಂಟರ್‌ಗಳಿಂದ ಹೇಳಿದ ದಿನಕ್ಕೆ ಕೆಲಸ ತೆಗೆಯುವ ಕಲೆಯನ್ನು ಯಾವ ಸಾಫ್ಟ್‌ವೇರೂ ಕಲಿಸದು.

ತಪ್ಪು ಕಲ್ಪನೆ: ಗ್ರಾಫಿಕ್ಸ್ ಬಂದಮೇಲೆ ಸೆಟ್ಟಿನ ಕಾಲ ಮುಗಿಯಿತು.
ವಾಸ್ತವ: ‘ಕೆಜಿಎಫ್’ (2018) ಚಿತ್ರಕ್ಕೆ ಕಲಾ ನಿರ್ದೇಶಕ ಶಿವಕುಮಾರ್ ತಂಡ ಕೋಲಾರದ ಗಣಿ ಪ್ರದೇಶದಲ್ಲೇ ಸೆಟ್ ಹಾಕಿತು. ದೂರದ ದಿಗಂತವನ್ನು ಕಂಪ್ಯೂಟರ್ ಹಿಗ್ಗಿಸಬಲ್ಲದು. ನಟ ಒರಗುವ ಗೋಡೆ, ಹಿಡಿಯುವ ಸುತ್ತಿಗೆ ಎದುರಿಗೇ ಇರಬೇಕು.

ತಪ್ಪು ಕಲ್ಪನೆ: ಐಟಿಯಂತೆ ಇಲ್ಲೂ ತಿಂಗಳಿಗೆ ಸರಿಯಾಗಿ ಸಂಬಳ.
ವಾಸ್ತವ: ಸಾಮಾನ್ಯವಾಗಿ ಚಿತ್ರಕ್ಕಿಷ್ಟು ಎಂಬ ಲೆಕ್ಕ. ಒಂದು ಚಿತ್ರಕ್ಕೂ ಇನ್ನೊಂದಕ್ಕೂ ನಡುವೆ ಕೈ ಖಾಲಿ ಇರುವುದುಂಟು. ಆದ್ದರಿಂದ ಇರುವ ಕೆಲಸಕ್ಕೆ ಈಗಲೇ ರಾಜೀನಾಮೆ ಕೊಡಬೇಡಿ. ಮೊದಲು ಗೆಳೆಯರ ಕಿರುಚಿತ್ರವೊಂದಕ್ಕೆ ಕೊಟ್ಟ ದುಡ್ಡಿನೊಳಗೆ ಒಂದೇ ಒಂದು ಕೋಣೆ ಸಿದ್ಧಪಡಿಸಿ ನೋಡಿ.