ಬಾಪ ಇದ್ದೂ ಯತೀಮ್ ಆದ ಮಕ್ಕಳು

ರಮಝಾನ್ ಹತ್ತಿರ ಬಂದರೆ ನಮ್ಮ ಮೊಹಲ್ಲಾಗಳಲ್ಲಿ ಯತೀಮ್ ಮಕ್ಕಳ ಪಟ್ಟಿ ತಯಾರಾಗುತ್ತದೆ. ಬಟ್ಟೆ, ರೇಷನ್ ಕಿಟ್, ಶಾಲೆಯ ಫೀಸು ಎಲ್ಲವನ್ನೂ ಆ ಪಟ್ಟಿ ನೋಡಿ ಹಂಚುತ್ತೇವೆ. ಒಳ್ಳೆಯ ಕೆಲಸವೇ. ಆದರೆ ಆ ಪಟ್ಟಿಯಲ್ಲಿ ಹೆಸರು ಬಾರದ ಕೆಲವು ಮಕ್ಕಳು ಇದ್ದಾರೆ. ಅವರ ಬಾಪ ಬದುಕಿದ್ದಾರೆ, ರೇಷನ್ ಕಾರ್ಡಿನಲ್ಲೂ ಹೆಸರಿದೆ. ಆದರೆ ಗಾಂಜಾ, ಎಂಡಿಎಂಎ ಅಥವಾ ಕುಡಿತದ ಅಮಲಿನಲ್ಲಿ ಮನೆಗೆ ಇದ್ದೂ ಇಲ್ಲದಂತಾಗಿದ್ದಾರೆ. ಉಮ್ಮನ ಚಿನ್ನ ಅಡವಿಗೆ ಹೋಗಿದೆ, ಮಗು ಶಾಲೆಗೆ ಹೋಗುವುದೂ ನಿಂತಿದೆ. ಇಂತಹ ಮಗುವಿಗೆ ಯಾರು ದಿಕ್ಕು?

ಕರಾವಳಿಯಲ್ಲಿ ಡ್ರಗ್ಸ್ ವಿರುದ್ಧ ಜಾಥಾ, ಭಾಷಣ, ಜುಮಾ ಬಯಾನ್ ಎಲ್ಲವೂ ನಡೆಯುತ್ತಿವೆ. ಅಲ್ಲಿ ನಾವು ಹೆಚ್ಚಾಗಿ ಮಾತಾಡುವುದು ದಾರಿ ತಪ್ಪಿದ ಯುವಕರ ಬಗ್ಗೆ. ಆ ಯುವಕನಿಗೂ ಮದುವೆಯಾಗಿ ಎರಡು ಮಕ್ಕಳಿದ್ದರೆ ಆ ಮಕ್ಕಳ ಕತೆ ಏನು ಅನ್ನುವ ಪ್ರಶ್ನೆ ಅಷ್ಟಾಗಿ ಬರುವುದಿಲ್ಲ.

ಹೆದರಿಕೆ ಯಾಕೆ?

ಹೆಚ್ಚಿನ ಮನೆಗಳು ವಿಷಯ ಮುಚ್ಚಿಡುವುದಕ್ಕೆ ಎರಡು ಕಾರಣ. ಒಂದು, ಮರ್ಯಾದೆ. ಇನ್ನೊಂದು, "ದೂರು ಕೊಟ್ಟರೆ ಸರ್ಕಾರದವರು ಮಗುವನ್ನೇ ಎತ್ತಿಕೊಂಡು ಹೋಗ್ತಾರೆ" ಅನ್ನುವ ಭಯ. ಈ ಎರಡನೆಯ ಭಯದ ಬಗ್ಗೆ ಕಾನೂನು ಏನು ಹೇಳುತ್ತದೆ ಅಂತ ನಾವು ಸರಿಯಾಗಿ ತಿಳಿದುಕೊಳ್ಳಬೇಕು.

2015ರ ಬಾಲನ್ಯಾಯ ಕಾಯ್ದೆಯ ಪ್ರಕಾರ, ಹೆತ್ತವರಿದ್ದೂ ಅವರು ಮಗುವನ್ನು ನೋಡಿಕೊಳ್ಳಲು ಅಸಮರ್ಥರು ಎಂದು ಕಂಡುಬಂದರೆ ಆ ಮಗು 'ಪಾಲನೆ ಮತ್ತು ರಕ್ಷಣೆಯ ಅಗತ್ಯವಿರುವ ಮಗು'. ಇಂತಹ ಪ್ರಕರಣಗಳನ್ನು ನೋಡುವುದು ಜಿಲ್ಲೆಯ ಮಕ್ಕಳ ಕಲ್ಯಾಣ ಸಮಿತಿ. ಒಬ್ಬ ಅಧ್ಯಕ್ಷರು, ನಾಲ್ವರು ಸದಸ್ಯರು. ಅವರಲ್ಲಿ ಒಬ್ಬರಾದರೂ ಮಹಿಳೆ ಇರಲೇಬೇಕು. ಈ ಸಮಿತಿಗೆ ಪ್ರಥಮ ದರ್ಜೆ ಮ್ಯಾಜಿಸ್ಟ್ರೇಟರ ಅಧಿಕಾರ ಇದೆ. ಹಾಗಂತ ಇದು ಕಟಕಟೆ ಇರುವ ಕೋರ್ಟ್ ಅಲ್ಲ, ಮಗುವಿಗೆ ಶಿಕ್ಷೆ ಕೊಡುವ ಜಾಗವೂ ಅಲ್ಲ.

ಮಗುವನ್ನು ಪೊಲೀಸರೇ ಸಮಿತಿಯ ಮುಂದೆ ತರಬೇಕೆಂದಿಲ್ಲ. ಡಾಕ್ಟರು, ನರ್ಸು, ಸಮಾಜ ಸೇವಕರು, ಕಾಳಜಿಯಿರುವ ಯಾರೇ ನಾಗರಿಕರು ಕರೆತರಬಹುದು. ಮಗು ತಾನೇ ಹೋಗಿ ಹೇಳಿಕೊಳ್ಳಲೂಬಹುದು. ಮಗುವನ್ನು ವಶಕ್ಕೆ ತೆಗೆದುಕೊಂಡವರು ಪ್ರಯಾಣದ ಸಮಯ ಬಿಟ್ಟು 24 ಗಂಟೆಯೊಳಗೆ ಸಮಿತಿಯ ಮುಂದೆ ಹಾಜರುಪಡಿಸಬೇಕು. ಆಮೇಲೆ ಮನೆಯ ಪರಿಸ್ಥಿತಿಯ ಬಗ್ಗೆ ಸಾಮಾಜಿಕ ತನಿಖೆ ನಡೆಯುತ್ತದೆ. ಅದಕ್ಕೆ 15 ದಿನಗಳ ಗಡುವು. ಅಂತಿಮ ಆದೇಶಕ್ಕೆ ಮೊದಲ ಹಾಜರಿಯಿಂದ ನಾಲ್ಕು ತಿಂಗಳ ಗಡುವು. ಆದೇಶ ಒಪ್ಪಿಗೆಯಾಗದಿದ್ದರೆ ಸಾಮಾನ್ಯವಾಗಿ 30 ದಿನದೊಳಗೆ ಮಕ್ಕಳ ನ್ಯಾಯಾಲಯಕ್ಕೆ ಮೇಲ್ಮನವಿ ಸಲ್ಲಿಸಬಹುದು. ಮಗುವಿನ ಹೆಸರು, ಫೋಟೋ, ಊರು ಹೊರಗೆ ಬಿಡುವುದು ಅಪರಾಧ. ಮರ್ಯಾದೆಯ ಚಿಂತೆ ಮಾಡುವವರು ಇದನ್ನು ನೆನಪಿಡಬೇಕು.

ಮಗು ಎಲ್ಲಿರುತ್ತದೆ?

ಸಂಸ್ಥೆಗೆ ಸೇರಿಸುವುದು ಕೊನೆಯ ದಾರಿ ಎಂದು ಕಾಯ್ದೆಯೇ ಹೇಳಿದೆ. ಉಮ್ಮ ನೋಡಿಕೊಳ್ಳಬಲ್ಲರು ಎಂದಾದರೆ ಮಗು ಉಮ್ಮನ ಹತ್ತಿರವೇ ಇರಬಹುದು, ಮೇಲ್ವಿಚಾರಣೆಗೆ ಅಧಿಕಾರಿಯೊಬ್ಬರು ಬಂದು ಹೋಗಬಹುದು. ಉಮ್ಮನಿಗೂ ಆಗದಿದ್ದರೆ ಅಜ್ಜಿ, ಮಾಮ, ಮೂತ್ತಮ್ಮನಂತಹವರು ಮುಂದೆ ಬಂದು 'ಯೋಗ್ಯ ವ್ಯಕ್ತಿ' ಎಂದು ಸಮಿತಿಯ ಒಪ್ಪಿಗೆ ಪಡೆಯಬಹುದು. ಮಗುವನ್ನು ಹೆತ್ತವರಿಗೆ ಒಪ್ಪಿಸುವಾಗ ಅವರಿಗೆ ಸೂಕ್ತ ನಿರ್ದೇಶನ ಕೊಡುವ ಅಧಿಕಾರವೂ ಸಮಿತಿಗೆ ಇದೆ.

ಹಣದ ನೆರವಿಗೂ ದಾರಿ ಇದೆ. 'ಮಿಷನ್ ವಾತ್ಸಲ್ಯ' ಯೋಜನೆಯ ಪ್ರಾಯೋಜಕತ್ವದಡಿ ಅರ್ಹ ಮಗುವಿಗೆ ತಿಂಗಳಿಗೆ 4,000 ರೂಪಾಯಿ ಸಿಗುತ್ತದೆ. ಕುಟುಂಬದ ವಾರ್ಷಿಕ ಆದಾಯ ಹಳ್ಳಿಯಲ್ಲಿ 72,000, ಪಟ್ಟಣದಲ್ಲಿ 96,000 ರೂಪಾಯಿ ಮೀರಬಾರದು. ಜಿಲ್ಲಾ ಮಕ್ಕಳ ರಕ್ಷಣಾ ಘಟಕದಲ್ಲಿ ವಿಚಾರಿಸಬೇಕು.

ಒಂದು ವಿಷಯ ಬೇರೆ ಮಾಡಿ ನೋಡಬೇಕು. ಮಗು ಉಮ್ಮನ ಹತ್ತಿರ ಇರಬೇಕೋ ಬಾಪನ ಹತ್ತಿರವೋ ಎಂಬ ತಕರಾರು ಫ್ಯಾಮಿಲಿ ಕೋರ್ಟಿನದ್ದು. 1890ರ ಪೋಷಕರು ಮತ್ತು ಪಾಲ್ಯರ ಕಾಯ್ದೆಯ ಪ್ರಕಾರ ಅಲ್ಲಿ ಮುಖ್ಯವಾಗುವುದು ಮಗುವಿನ ಹಿತ. ಪೋಷಕನಾಗಲು ಬಯಸುವವರ ನಡತೆ, ಸಾಮರ್ಥ್ಯವನ್ನೂ ಕೋರ್ಟು ನೋಡುತ್ತದೆ. ಹಾಗಾಗಿ ಆಸ್ಪತ್ರೆಯ ಚೀಟಿ, ಶಾಲೆಯ ಹಾಜರಿ, ಫೀಸಿನ ರಶೀದಿ ಎಲ್ಲವನ್ನೂ ತೆಗೆದಿಡುವುದು ಒಳ್ಳೆಯದು. ಹೆಂಗಸರಿಗೆ ಮತ್ತು ಮಕ್ಕಳಿಗೆ ಆದಾಯ ಎಷ್ಟೇ ಇದ್ದರೂ ಉಚಿತ ಕಾನೂನು ನೆರವು ಸಿಗುತ್ತದೆ.

ಬಾಪನನ್ನು ಕೈಬಿಡಬೇಕಾ?

ಬೇಡ. ಬಾಪ ಗುಣವಾದರೆ ಮಗುವಿಗೆ ಮನೆ ವಾಪಸ್ ಸಿಗುತ್ತದೆ. "ಚಿಕಿತ್ಸೆಗೆ ಹೋದರೆ ಪೊಲೀಸ್ ಕೇಸ್ ಆಗ್ತದೆ" ಅಂತ ಹೆದರುವವರಿಗೆ ಎನ್‌ಡಿಪಿಎಸ್ ಕಾಯ್ದೆಯ 64ಎ ಸೆಕ್ಷನ್ ಗೊತ್ತಿರಬೇಕು. ಸೇವನೆ ಅಥವಾ ಸಣ್ಣ ಪ್ರಮಾಣದ ಪ್ರಕರಣದ ವ್ಯಸನಿ ಸರ್ಕಾರಿ ಅಥವಾ ಮಾನ್ಯತೆ ಪಡೆದ ಕೇಂದ್ರದಲ್ಲಿ ತಾನಾಗಿ ಚಿಕಿತ್ಸೆ ಪಡೆದರೆ ಆತನ ಮೇಲೆ ಮೊಕದ್ದಮೆ ನಡೆಯುವುದಿಲ್ಲ. ಚಿಕಿತ್ಸೆ ಅರ್ಧಕ್ಕೆ ಬಿಟ್ಟರೆ ಈ ರಕ್ಷಣೆ ಹೋಗಬಹುದು. ಎಂಡಿಎಂಎಗೆ ಸಣ್ಣ ಪ್ರಮಾಣ ಅಂದರೆ ಅರ್ಧ ಗ್ರಾಮ್ ಮಾತ್ರ. 10 ಗ್ರಾಮ್ ಮೀರಿದರೆ ಅದು ವಾಣಿಜ್ಯ ಪ್ರಮಾಣ, ಕನಿಷ್ಠ 10 ವರ್ಷ ಜೈಲು. ಸೇದುವವನು ಮಾರುವವನಾಗುವ ಮೊದಲೇ ಹಿಡಿದು ನಿಲ್ಲಿಸಬೇಕು ಎನ್ನುವುದು ಇದಕ್ಕೇ. ಮಗುವಿನ ಕೈಯಲ್ಲಿ ಪೊಟ್ಟಣ ಕೊಟ್ಟು ಕಳಿಸಿದರಂತೂ ಬಾಲನ್ಯಾಯ ಕಾಯ್ದೆಯಡಿ ಬೇರೆಯೇ ಶಿಕ್ಷೆ: 7 ವರ್ಷದವರೆಗೆ ಕಠಿಣ ಸಜೆ, 1 ಲಕ್ಷ ರೂಪಾಯಿವರೆಗೆ ದಂಡ.

ಜಮಾಅತ್ ಮಾಡಬಹುದಾದದ್ದು

ಗಂಡ ಹೆಂಡತಿಯ ತಕರಾರು ಬಂದಾಗ ಹಿರಿಯರು ಕೂತು ರಾಜಿ ಮಾಡಿಸುತ್ತಾರೆ. ಆಗ "ಇನ್ನು ಮುಟ್ಟುವುದಿಲ್ಲ" ಎಂಬ ಒಂದು ಮಾತು ತೆಗೆದುಕೊಂಡು ಹೆಂಡತಿ ಮಕ್ಕಳನ್ನು ಅದೇ ಮನೆಗೆ ಕಳಿಸಿಬಿಡುವುದು ಸಾಲದು. ವ್ಯಸನ ಒಂದು ಕಾಯಿಲೆ, ಮಾತು ಕೊಟ್ಟರೆ ಹೋಗುವಂಥದ್ದಲ್ಲ. ಚಿಕಿತ್ಸೆ ಶುರುವಾಯಿತಾ, ಮಕ್ಕಳು ಅಲ್ಲಿಯವರೆಗೆ ಯಾರ ಜೊತೆ ಇರ್ತಾರೆ, ಶಾಲೆಗೆ ಯಾರು ಕಳಿಸ್ತಾರೆ ಅಂತ ಕೇಳಿ ಬರೆದಿಡಬೇಕು. ಮದ್ರಸಕ್ಕೆ ಮಗು ಪದೇ ಪದೇ ಬಾರದಿದ್ದರೆ, ಬಂದರೂ ಮಂಕಾಗಿ ಕೂತರೆ, ಉಸ್ತಾದರು ಬೈಯುವ ಮೊದಲು ಮನೆಯ ಸ್ಥಿತಿ ವಿಚಾರಿಸಬೇಕು. ಮಗುವಿಗೆ ಹೊಡೆತ ಬೀಳುತ್ತಿದ್ದರೆ ರಾಜಿಗೆ ಕಾಯುತ್ತಾ ಕೂರಬಾರದು, ಆ ಕ್ಷಣವೇ 1098ಕ್ಕೆ ಕರೆ ಮಾಡಬೇಕು.

ಈ ಸಲ ಯತೀಮ್ ಪಟ್ಟಿ ಮಾಡುವಾಗ ಇಂತಹ ಮನೆಗಳನ್ನೂ ಗುಟ್ಟಾಗಿ ಸೇರಿಸಿ. ಹೆಸರು ಓದಿ ಹೇಳುವುದು, ಫೋಟೋ ತೆಗೆಯುವುದು ಬೇಡ. ಮೂರು ನಂಬರುಗಳನ್ನು ಮಸೀದಿ, ಮದ್ರಸದ ನೋಟಿಸ್ ಬೋರ್ಡಿನಲ್ಲಿ ಹಾಕಿ: ಮಕ್ಕಳ ಸಹಾಯವಾಣಿ 1098, ವ್ಯಸನಮುಕ್ತಿ ಸಹಾಯವಾಣಿ 14446, ಕಾನೂನು ನೆರವು 15100. ನಮ್ಮ ಹೆಂಗಸರ ಕಣ್ಣಿಗೂ ಬೀಳುವ ಜಾಗದಲ್ಲಿ ಹಾಕಿ. ಯಾಕೆಂದರೆ ಹೆಚ್ಚಾಗಿ ಈ ಫೋನ್ ಮಾಡಬೇಕಾಗಿ ಬರುವುದು ಒಬ್ಬ ಉಮ್ಮನೇ.