ಕೋನಿ ಐಲೆಂಡಿನಿಂದ ಕೊಡದಗುಡ್ಡದ ಕಡೆಗೆ

ದಾವಣಗೆರೆ ಜಿಲ್ಲೆಗೆ ಕಡಲಿಲ್ಲ, ಕಡಲತೀರದ ಪಾರ್ಕೂ ಇಲ್ಲ. ಆದರೂ ಚನ್ನಗಿರಿ, ಹೊನ್ನಾಳಿ ಸೀಮೆಯಲ್ಲಿ ನಡುವಯಸ್ಸು ದಾಟಿದವರನ್ನು ಜಾತ್ರೆಯ ಬಗ್ಗೆ ಮಾತಿಗೆಳೆದರೆ ತೇರು, ಮಂಡಕ್ಕಿ-ಮಿರ್ಚಿ, ಬೆಂಡು-ಬತ್ತಾಸಿನ ಬೆನ್ನಿಗೇ ತಿರುಗುವ ತೊಟ್ಟಿಲೂ, ಬೈಕ್ ಗೋಡೆಯೇರುವ ಮರಣದ ಬಾವಿಯೂ ಬಂದೇ ಬರುತ್ತವೆ.

ಆ ಬಾವಿಯ ಮೂಲ ಕಡಲ ದಂಡೆಯಲ್ಲಿದೆ. ನ್ಯೂಯಾರ್ಕಿನ ಕೋನಿ ಐಲೆಂಡ್‌ನಲ್ಲಿ 1897ರಲ್ಲಿ ಸ್ಟೀಪಲ್‌ಚೇಸ್, 1903ರಲ್ಲಿ ಲೂನಾ ಪಾರ್ಕ್ ತೆರೆದವು. ಓರೆಯಾಗಿ ಜೋಡಿಸಿದ ಹಲಗೆಗಳ ಮೇಲೆ ಬೈಕ್ ಓಡಿಸುವ ಆಟ ಅಲ್ಲಿಗೆ ಬಂದದ್ದು 1911ರಲ್ಲಿ. ಜನಕ್ಕೆ ಓರೆ ಸಾಲಲಿಲ್ಲ. ಕೆಲವೇ ವರ್ಷಗಳಲ್ಲಿ ಹಲಗೆಗಳು ನೆಟ್ಟಗೆ ನಿಂತು ಗೋಡೆಯಾದವು. 1929ರಲ್ಲಿ ಇಂಗ್ಲೆಂಡಿನ ಸೌತೆಂಡ್ ಕಡಲತೀರದ ಕುರ್ಸಾಲ್ ಪಾರ್ಕಿಗೂ ಅದು ಕಾಲಿಟ್ಟಿತು. ತೊಟ್ಟಿಲಿನದು ಬೇರೆ ದಾರಿ. 1893ರ ಷಿಕಾಗೊ ಮೇಳದಲ್ಲಿ ಫೆರಿಸ್ ಎತ್ತಿ ನಿಲ್ಲಿಸಿದ ಚಕ್ರದ ಎತ್ತರ 264 ಅಡಿ. ಕೈಯಿಂದ ತಿರುಗಿಸುವ ಮರದ ರಾಟೆಗಳು ಅದಕ್ಕೂ ಶತಮಾನಗಳ ಹಿಂದಿನವು.

ನಮ್ಮಲ್ಲಿ ಬಾವಿ ಲಾರಿಯಲ್ಲಿ ಬರುತ್ತದೆ. ಹಲಗೆ, ಕಬ್ಬಿಣದ ಚೌಕಟ್ಟು, ನಟ್ಟು-ಬೋಲ್ಟು. ಹೊರಗೆ ಮೆಟ್ಟಿಲು, ಮೇಲೆ ಜನ ನಿಲ್ಲಲು ಅಟ್ಟಣೆ. ಬುಡದ ಇಳಿಜಾರಿನಲ್ಲಿ ಎರಡು ಸುತ್ತು ಹಾಕಿ ವೇಗ ಹಿಡಿದ ಯಮಹಾ ಆರ್‌ಎಕ್ಸ್ 100 ಗೋಡೆ ಏರುತ್ತದೆ. ವೇಗವೇ ಚಕ್ರವನ್ನು ಹಲಗೆಗೆ ಒತ್ತಿ ಹಿಡಿಯುತ್ತದೆ. ವೇಗ ತಗ್ಗಿದರೆ ಸವಾರ ಕೆಳಕ್ಕೆ. ಬೈಕ್ ಹಾದಾಗಲೆಲ್ಲ ಅಟ್ಟಣೆ ಗಡಗಡ ನಡುಗುತ್ತದೆ. ಆ ನಡುಕದಲ್ಲೇ ಆತ ಹ್ಯಾಂಡಲ್ ಬಿಟ್ಟು, ಮೇಲಿನವರು ಚಾಚಿದ ಹತ್ತರ ನೋಟನ್ನು ಕಸಿದುಕೊಂಡು ಹೋಗುತ್ತಾನೆ. ಮಾರುತಿ 800 ಕಾರೂ ಇದೇ ಗೋಡೆ ಹತ್ತುವುದುಂಟು. ಭೌತಶಾಸ್ತ್ರದ ಮೇಷ್ಟ್ರು ಒಂದು ವಾರ ಹೇಳಿದ್ದು ಇಲ್ಲಿ ಐದು ನಿಮಿಷಕ್ಕೆ ತಲೆಗೆ ಹೋಗುತ್ತದೆ!

ಕೋನಿ ಐಲೆಂಡಿನವರ ನೆನಪಿಗೆ ವಿಳಾಸವಿದೆ. ಸ್ಟೀಪಲ್‌ಚೇಸ್ 1964ರಲ್ಲಿ ಮುಚ್ಚಿದರೂ ಅದರ ಪ್ಯಾರಾಚೂಟ್ ಗೋಪುರ ನಿಂತಿದೆ. 1920ರ ವಂಡರ್ ವೀಲ್ ಇಂದಿಗೂ ತಿರುಗುತ್ತಿದೆ. ಇಲ್ಲಿ ಜಾತ್ರೆ ಮುಗಿದರೆ ಗುಂಡಿ ಮಾತ್ರ ಉಳಿಯುತ್ತದೆ, ಮಳೆ ಬಿದ್ದರೆ ಅದೂ ಇಲ್ಲ. ಹಾಗಾಗಿ ನೆನಪು ಜಾಗದ ಬದಲು ದೇವರಿಗೆ, ತಿಥಿಗೆ ಅಂಟಿಕೊಂಡಿದೆ: ಜಗಳೂರು ತಾಲ್ಲೂಕಿನವರಿಗೆ ಕೊಡದಗುಡ್ಡದ ವೀರಭದ್ರಸ್ವಾಮಿ, ನ್ಯಾಮತಿ ಕಡೆಯ ಬಂಜಾರರಿಗೆ ಫೆಬ್ರುವರಿಯಲ್ಲಿ ಸೂರಗೊಂಡನಕೊಪ್ಪದ ಸೇವಾಲಾಲ್ ಜಯಂತಿ, ಎಲ್ಲರಿಗೂ ಎರಡು ವರ್ಷಕ್ಕೊಮ್ಮೆ ದಾವಣಗೆರೆಯ ದುಗ್ಗಮ್ಮ.

ಈಗ ಕೊಲಂಬಸ್, ಬ್ರೇಕ್ ಡ್ಯಾನ್ಸ್ ಆಟಗಳ ಮುಂದೆ ಸಾಲು ಉದ್ದ. ಬಾವಿಯ ಅಟ್ಟಣೆಯಲ್ಲಿ ನೋಟಿಗಿಂತ ಮೊಬೈಲ್ ಹಿಡಿದ ಕೈಗಳೇ ಹೆಚ್ಚು. ಅದನ್ನು ಸವಾರ ಕಸಿಯುವಂತಿಲ್ಲ.