ಮನೆಯೇ ಕಂಪನಿಯ ವಿಳಾಸವಾದಾಗ

ಕಾಸರಗೋಡಿನಲ್ಲಿ ಅಡಿಕೆ, ಕಾಳುಮೆಣಸಿನ ವ್ಯಾಪಾರಕ್ಕೆಂದು ಖಾಸಗಿ ಕಂಪನಿಯನ್ನು ಸ್ಥಾಪಿಸುವವರು ಪೇಟೆಯಲ್ಲಿ ಬಾಡಿಗೆಯ ಕಚೇರಿ ಹಿಡಿಯಲೇಬೇಕೆಂದಿಲ್ಲ. ವಾಸದ ಮನೆಯನ್ನೇ ನೋಂದಾಯಿತ ಕಚೇರಿಯೆಂದು ತೋರಿಸಬಹುದು. ಖರ್ಚು ಉಳಿಯುತ್ತದೆ, ಹೊಣೆ ಮಾತ್ರ ಮನೆಮಂದಿಯ ಮೇಲೆಲ್ಲ ಬೀಳುತ್ತದೆ.

2013ರ ಕಂಪನಿ ಕಾಯ್ದೆಯ 12ನೇ ಕಲಮಿನಂತೆ, ಸ್ಥಾಪನೆಯಾದ 30 ದಿನಗಳೊಳಗೆ ಪತ್ರ, ನೋಟೀಸುಗಳನ್ನು ಸ್ವೀಕರಿಸಿ ರಸೀದಿ ಕೊಡಬಲ್ಲ ಕಚೇರಿಯೊಂದು ಕಂಪನಿಗೆ ಇರಬೇಕು. ಕಾಗದದ ಮೇಲಿನ ವಿಳಾಸವಷ್ಟೇ ಸಾಲದು. ಅಲ್ಲಿಗೆ ಸ್ಪೀಡ್ ಪೋಸ್ಟಿನಲ್ಲಿ ಕಳುಹಿಸಿದ, ಇಲ್ಲವೇ ಅಲ್ಲಿ ಬಿಟ್ಟುಹೋದ ನೋಟೀಸು ಕಂಪನಿಗೆ ಮುಟ್ಟಿದಂತೆಯೇ ಲೆಕ್ಕ. ಯಜಮಾನರು ಮುಂಬಯಿಗೆ ಹೋಗಿದ್ದಾಗ ಮನೆಯ ಹಿರಿಯರು ಲಕೋಟೆಯನ್ನು ಪಂಚಾಂಗದ ಎಡೆಯಲ್ಲಿಟ್ಟು ಮರೆತರೆ, ದಾವೆಯು ಏಕಪಕ್ಷೀಯವಾಗಿ ತೀರ್ಮಾನವಾಗುವ ಅಪಾಯವಿದೆ. ‘ನನಗೆ ಗೊತ್ತಿರಲಿಲ್ಲ’ ಎಂಬ ಮಾತಿಗೆ ಆಗ ಬೆಲೆ ಸಿಗುವುದು ಕಷ್ಟ.

ಕಚೇರಿಯ ವಿಳಾಸ ಬದಲಾದರೆ 30 ದಿನಗಳೊಳಗೆ ರಿಜಿಸ್ಟ್ರಾರರಿಗೆ ತಿಳಿಸಬೇಕು. ತಪ್ಪಿದರೆ ಕಂಪನಿಗೂ ಹೊಣೆಗಾರ ಅಧಿಕಾರಿಗೂ ದಿನಕ್ಕೆ 1,000 ರೂಪಾಯಿಯಂತೆ, 1 ಲಕ್ಷದವರೆಗೆ ದಂಡ. ವಿಳಾಸದಲ್ಲಿ ವ್ಯವಹಾರವೇ ಇಲ್ಲವೆಂಬ ಸಂಶಯ ಬಂದರೆ ರಿಜಿಸ್ಟ್ರಾರರು ಸ್ಥಳಪರಿಶೀಲನೆಯನ್ನೂ ನಡೆಸಬಹುದು. ಮನೆಯ ವಿಳಾಸವು ಸಾರ್ವಜನಿಕ ದಾಖಲೆಯಲ್ಲಿ ಸೇರುವುದರಿಂದ ಯಾರು ಬೇಕಾದರೂ ಅದನ್ನು ನೋಡಬಹುದು.

ಇದೇ ಕಲಮಿನಲ್ಲಿ ಗಡಿನಾಡಿನವರು ಅಷ್ಟಾಗಿ ಗಮನಿಸದ ಮಾತೊಂದಿದೆ. ಕಂಪನಿಯ ಹೆಸರು, ವಿಳಾಸಗಳ ಫಲಕವನ್ನು ಹೊರಗೆ ಕಾಣುವಂತೆ ಹಾಕಬೇಕು. ಅದರ ಲಿಪಿ ಆ ಪ್ರದೇಶದಲ್ಲಿ ಸಾಮಾನ್ಯವಾಗಿ ಬಳಕೆಯಲ್ಲಿರುವ ಭಾಷೆಯದಲ್ಲದಿದ್ದರೆ, ಅಂಥ ಒಂದು ಭಾಷೆಯ ಲಿಪಿಯಲ್ಲಿಯೂ ಬರೆಯಿಸಬೇಕು. ಕಾಸರಗೋಡಿನಲ್ಲಿ ಕನ್ನಡವೂ ಅಂಥ ಭಾಷೆಯೇ. ಕಂಪನಿ ಕಾಯ್ದೆಯ ಮಟ್ಟಿಗೆ ಕನ್ನಡದ ಫಲಕಕ್ಕೆ ಯಾರ ಅಪ್ಪಣೆಯೂ ಬೇಕಿಲ್ಲ. ಭಾಷೆಗಾಗಿ ಮನವಿ ಬರೆಯುವ ನಮ್ಮವರಲ್ಲಿ ಎಷ್ಟು ಮಂದಿ ತಮ್ಮ ಬಾಗಿಲಲ್ಲಿ ಅದನ್ನು ತೂಗಹಾಕಿದ್ದಾರೆ?